ತಾನಾಗಿಯೇ ನಡೆದ ನಡಿಗೆ

‘ನಟನ ಚಲನೆ ಎಷ್ಟು ಸಹಜವಾಗಿತ್ತು!’ ಎಂದು ವಿಮರ್ಶಕರು ಬರೆದರೆಂದರೆ, ಮೂವ್‌ಮೆಂಟ್ ಡೈರೆಕ್ಟರ್ ಎಂಬ, ನಟರಿಗೆ ಮೈಯ ಚಲನೆ ಕಲಿಸುವವರೊಬ್ಬರು ತಾಲೀಮಿನ ಕೋಣೆಯಲ್ಲಿ ವಾರಗಟ್ಟಲೆ ಬೆವರು ಹರಿಸಿದ್ದಾರೆಂದೂ, ಆ ಹೊಗಳಿಕೆಯಲ್ಲಿ ಅವರ ಹೆಸರು ಬರುವುದಿಲ್ಲವೆಂದೂ ಒಟ್ಟಿಗೇ ತಿಳಿಯಬೇಕು. ಚಲನೆ ಕೆಟ್ಟರೆ ಮಾತ್ರ ‘ಸಂಯೋಜನೆ ಕೃತಕ’ ಎಂಬ ವಾಕ್ಯ ಹೆಸರಿನ ಸಮೇತ ಅಚ್ಚಾಗುತ್ತದೆ. ಈ ವೃತ್ತಿಯಲ್ಲಿ ಹೆಸರು ಮಾಡಲು ಕೆಲಸ ಕೆಡಿಸುವುದೇ ಹತ್ತಿರದ ದಾರಿ ಎಂದು ಯಾರಾದರೂ ಭಾವಿಸಿದರೆ ಅವರನ್ನು ದೂರುವಂತಿಲ್ಲ.

ಮೂವತ್ತರ ಹರೆಯದ ನಟ ಎಂಬತ್ತರ ಅರಸನಾಗಿ ಸಿಂಹಾಸನದ ಮೇಲೆ ಕೂರಬೇಕಾಗಿದೆ ಎನ್ನಿ. ಬೆನ್ನು ಬಾಗಿಸಿ, ಕೈ ನಡುಗಿಸಿಬಿಟ್ಟರೆ ಮುಪ್ಪು ಬಂದಾಯಿತೆಂದು ಅವನ ನಂಬಿಕೆ. ಮೂವ್‌ಮೆಂಟ್ ಡೈರೆಕ್ಟರ್ ಮೊದಲು ಆ ನಡುಕವನ್ನು ಕಿತ್ತುಹಾಕುತ್ತಾರೆ. ಆಮೇಲೆ, ಮೀನಖಂಡಕ್ಕೆ ಆಸನದ ಅಂಚು ತಾಗಿತೇ ಎಂದು ಖಾತ್ರಿಪಡಿಸಿಕೊಳ್ಳುವುದನ್ನು, ಕಣ್ಣು ಆಸ್ಥಾನದ ಮೇಲಿದ್ದರೂ ಕೈ ಗುಟ್ಟಾಗಿ ಆಸರೆ ಹುಡುಕುವುದನ್ನು, ಉಸಿರು ಬಿಟ್ಟ ಮೇಲಷ್ಟೇ ಮಂಡಿ ಮಡಿಯುವುದನ್ನು, ಕೊನೆಯ ನಾಲ್ಕು ಬೆರಳಿನಷ್ಟು ದೂರದಲ್ಲಿ ದೇಹ ಹಿಡಿತ ತಪ್ಪಿ ಧೊಪ್ಪನೆ ಇಳಿಯುವುದನ್ನು ಒಂದೊಂದಾಗಿ ಕಲಿಸುತ್ತಾರೆ. ಇಷ್ಟೆಲ್ಲ ಮುಗಿದ ಮೇಲೆ ನಿರ್ಮಾಪಕರು ಬಂದು, ‘ಈ ನಾಟಕದಲ್ಲಿ ಕುಣಿತವೇ ಇಲ್ಲವಲ್ಲ, ನಿಮಗೆ ಸಂಭಾವನೆ ಏತಕ್ಕೆ?’ ಎಂದು ವಿನಯದಿಂದಲೇ ವಿಚಾರಿಸುತ್ತಾರೆ.

ಕುಣಿತವಿದ್ದರೂ ಪಾಡೇನೂ ಸುಖದ್ದಲ್ಲ. ಹಾನ್ಯಾ ಹೋಲ್ಮ್ ಅವರು 1948ರ ‘ಕಿಸ್ ಮಿ, ಕೇಟ್’ ಸಂಗೀತ ನಾಟಕಕ್ಕೆ ಸಂಯೋಜಿಸಿದ ನೃತ್ಯಗಳು ಅಮೆರಿಕದ ಹಕ್ಕುಸ್ವಾಮ್ಯ ಕಚೇರಿಯಲ್ಲಿ ನೋಂದಣಿಯಾದದ್ದು 1952ರಲ್ಲಿ, ಅದೂ ಚಲನೆಗಳನ್ನು ಚಿಹ್ನೆಗಳಲ್ಲಿ ಬರೆದಿಡುವ ಲಾಬಾನ್ ಚಲನಲಿಪಿಯಲ್ಲಿ ಕಾಗದಕ್ಕೆ ಇಳಿದ ಮೇಲೆ. ಆ ದೇಶದ ಕಾನೂನು ನೃತ್ಯ ಸಂಯೋಜನೆಯನ್ನು ಹೆಸರಿಟ್ಟು ಕರೆಯಲು 1976ರ ಕಾಯ್ದೆಯವರೆಗೆ ಕಾಯಬೇಕಾಯಿತು. ಇಂದಿಗೂ ಅಲ್ಲಿ ದಿನನಿತ್ಯದ ಸಾಮಾನ್ಯ ಚಲನೆಗಳಿಗೆ ರಕ್ಷಣೆಯಿಲ್ಲ. ನಮ್ಮ ಅರಸ ಕೂತದ್ದು ಕಾನೂನಿನ ಕಣ್ಣಿಗೆ ಬರೀ ಕೂತದ್ದೇ.

ಇನ್ನು ಆಸ್ಕರ್. 1935, 1936 ಮತ್ತು 1937ರ ಚಿತ್ರಗಳಿಗೆ ಅಲ್ಲಿ ನೃತ್ಯ ನಿರ್ದೇಶನದ ಪ್ರಶಸ್ತಿಯಿತ್ತು. ಆಮೇಲೆ ಆ ವಿಭಾಗವನ್ನೇ ಕೈಬಿಡಲಾಯಿತು. ಮುಂದೆ 1948ರ ಚಿತ್ರಗಳಿಂದ ವಸ್ತ್ರ ವಿನ್ಯಾಸಕ್ಕೂ, 1981ರವುಗಳಿಂದ ಪ್ರಸಾಧನಕ್ಕೂ, 2025ರವುಗಳಿಂದ ಪಾತ್ರವರ್ಗದ ಆಯ್ಕೆಗೂ ಪ್ರಶಸ್ತಿಗಳು ಬಂದವು. ಅಂದರೆ ದೇಹವನ್ನು ಆರಿಸಿದವರಿಗೆ, ಅದಕ್ಕೆ ಬಟ್ಟೆ ತೊಡಿಸಿದವರಿಗೆ, ಬಣ್ಣ ಬಳಿದವರಿಗೆಲ್ಲ ಮನ್ನಣೆಯುಂಟು. ಅದು ಅಲುಗಾಡಿದ್ದು ಮಾತ್ರ ದೈವೇಚ್ಛೆ. ಈಗ 2027ರ ಚಿತ್ರಗಳಿಂದ ಸ್ಟಂಟ್ ವಿನ್ಯಾಸಕ್ಕೂ ಪ್ರಶಸ್ತಿ ಘೋಷಣೆಯಾಗಿದೆ. ಸಾಹಸ ಕಲಾವಿದರು ಮೈಮೂಳೆ ಒತ್ತೆಯಿಟ್ಟು ದುಡಿದವರು, ಅವರಿಗೆ ತಡವಾಗಿಯಾದರೂ ಸಿಕ್ಕಿದ್ದು ನ್ಯಾಯವೇ. ನೃತ್ಯ ಸಂಯೋಜಕರಿಗೂ ಇದರಿಂದ ದಾರಿಯೊಂದು ತೆರೆದಂತಾಗಿದೆ: ನಾಯಕಿಗೆ ಮೆಟ್ಟಿಲು ಇಳಿಯುವುದನ್ನು ಕಲಿಸುವ ಬದಲು, ಮೆಟ್ಟಿಲಿನಿಂದ ಉರುಳುವುದನ್ನು ಕಲಿಸಿ ಅರ್ಜಿ ಹಾಕಿದರಾಯಿತು.