ದರ್ಬಾರಿನ ರೀಲು: ನಂಬೋದಾ, ಬಿಡೋದಾ?

ರಾಜರ ಕಾಲದ ಸಮಾರಂಭಗಳ ಹಳೆ ಸಿನಿಮಾ ರೀಲನ್ನು ನಡೆದಿದ್ದಕ್ಕೆ ಸಾಕ್ಷಿ ಅಂತ ನಂಬಬಹುದಾ? ಇಬ್ಬರ ವಾದ ಇಲ್ಲಿದೆ.

ಪರ: ಕ್ಯಾಮೆರಾಗೆ ಮುಲಾಜಿಲ್ಲ

1911ರ ಡಿಸೆಂಬರ್ 12. ದೆಹಲಿಯಲ್ಲಿ ಬ್ರಿಟನ್ನಿನ ಐದನೇ ಜಾರ್ಜ್ ದೊರೆಯ ದರ್ಬಾರು. ಸಂಸ್ಥಾನಗಳ ಅರಸರು ಒಬ್ಬೊಬ್ಬರಾಗಿ ಬಂದು ತಲೆಬಾಗಬೇಕು, ಬೆನ್ನು ತೋರಿಸದೆ ಹಿಂದೆ ಸರಿಯಬೇಕು. ನಮ್ಮ ನಾಲ್ವಡಿಯವರೂ ಅಲ್ಲಿದ್ದರು. ಬರೋಡಾದ ಸಯಾಜಿರಾವ್ ಗಾಯಕವಾಡರ ಸರದಿ ಬಂತು. ಒಮ್ಮೆ ಬಗ್ಗಿದರು, ತಿರುಗಿದರು, ನಡೆದೇಬಿಟ್ಟರು! ಲಂಡನ್ನಿನ ಪತ್ರಿಕೆಗಳು ಕೆಂಡ ಕಾರಿದವು. ಗಾಬರಿಯಲ್ಲಿ ಹಾಗಾಯಿತು ಅಂತ ಅವರು ಸಮಜಾಯಿಷಿ ಕೊಟ್ಟರು. ಬೇಕಂತಲೇ ಮಾಡಿದರಾ? ಜಗಳ ಇನ್ನೂ ಮುಗಿದಿಲ್ಲ. ಆದರೆ ಅದನ್ನು ಚಿತ್ರೀಕರಿಸಿದ ರೀಲು ಉಳಿದಿದೆ, ನೀವೇ ನೋಡಬಹುದು. ಪತ್ರಿಕೆ ಓದಿದರೆ ಸಿಗೋದು ವರದಿಗಾರನ ಸಿಟ್ಟು. ರೀಲಿನಲ್ಲಿ ಗಾಯಕವಾಡರ ನಡಿಗೆಯೇ ಸಿಗುತ್ತದೆ.

ಅದೆಲ್ಲ ದೊರೆಗಳ ಪ್ರಚಾರ ಅಂತೀರಾ? ಆಗಲಿ ಬಿಡಿ. ನಮ್ಮಣ್ಣನ ಮದುವೆ ವಿಡಿಯೋಗೂ ದುಡ್ಡು ಕೊಟ್ಟಿದ್ದು ನಾವೇ. ವಿಡಿಯೋದವನಿಗೆ ಹೇಳಿದ್ದು ಧಾರೆ, ಆರತಕ್ಷತೆ ಅಷ್ಟೇ. ಅವನು ಊಟದ ಪಂಕ್ತಿಯ ಮೇಲೂ ಸುಮ್ನೆ ಒಂದು ಸಲ ಕ್ಯಾಮೆರಾ ಹಾಯಿಸಿದ್ದಾನೆ. ಅಲ್ಲಿ ನಮ್ಮಜ್ಜಿ ಸಿಕ್ಕಿಬಿದ್ದಿದ್ದಾಳೆ. ಸಕ್ಕರೆ ಕಾಯಿಲೆಯವಳು, ಎಲೆಯಲ್ಲಿದ್ದ ಹೋಳಿಗೆ ಎತ್ತಿ ಸೆರಗಿನಲ್ಲಿ ಸುತ್ತಿಕೊಳ್ಳುತ್ತಿದ್ದಾಳೆ! ಅಮ್ಮ ಆ ಜಾಗ ಬಂದಾಗಲೆಲ್ಲ ರಿಮೋಟ್ ಕಿತ್ತುಕೊಂಡು, ಹಿಂದಕ್ಕೆ ಓಡಿಸಿ ಮತ್ತೆ ನೋಡುತ್ತಾಳೆ. ಅಜ್ಜಿಯ ಬೇರೆ ವಿಡಿಯೋ ನಮ್ಮಲ್ಲಿಲ್ಲ. ಧಾರೆಯ ಭಾಗ ಈಗ ಯಾರೂ ನೋಡುವುದಿಲ್ಲ. ದರ್ಬಾರಿನ ರೀಲಿನಲ್ಲೂ ನಾನು ದೊರೆಯನ್ನು ಬಿಟ್ಟು ಅಂಚಿನಲ್ಲಿರುವವರನ್ನೇ ಹುಡುಕುತ್ತೇನೆ.

ವಿರೋಧ: ಕಂಡಿದ್ದೆಲ್ಲ ನಡೆದಿದ್ದಲ್ಲ

ನನ್ನ ಪಾಲಿಗೆ ವಿರೋಧ ಬಂದಿದೆ. ಹಳೆ ರೀಲು ನೋಡೋದು ನನಗೂ ಇಷ್ಟವೇ. ಆದರೆ ರೀಲು ಕಂಡ ತಕ್ಷಣ ಕೈ ಮುಗಿಯೋದು ಜಾಸ್ತಿಯಾಯಿತು.

1902ರ ಬ್ರಿಟನ್ ದೊರೆ ಏಳನೇ ಎಡ್ವರ್ಡ್ ಪಟ್ಟಾಭಿಷೇಕವನ್ನು ಫ್ರಾನ್ಸಿನ ಸಿನಿಮಾ ನಿರ್ದೇಶಕ ಮೆಲಿಯೆಸ್ ತನ್ನ ಸ್ಟುಡಿಯೋದಲ್ಲಿ ವೇಷ ಹಾಕಿಸಿ ಮೊದಲೇ ಚಿತ್ರೀಕರಿಸಿದ. ದೊರೆಗೆ ಕಾಯಿಲೆಯಾಗಿ ಅಸಲಿ ಸಮಾರಂಭ ಜೂನ್‌ನಿಂದ ಆಗಸ್ಟ್‌ಗೆ ಹೋಯಿತು. ಪಟ್ಟಕ್ಕೆ ಮುಂಚೆ ಫಿಲಂ ರೆಡಿ!

1896ರಲ್ಲಿ ಮಾಸ್ಕೋದಲ್ಲಿ ರಷ್ಯಾದ ದೊರೆ ಎರಡನೇ ನಿಕೋಲಸ್ ಪಟ್ಟಕ್ಕೇರಿದಾಗ ಖೊದಿಂಕಾ ಮೈದಾನದ ನೂಕುನುಗ್ಗಲಿಗೆ ಸಾವಿರಕ್ಕೂ ಹೆಚ್ಚು ಜನ ಸತ್ತರು. ಫ್ರಾನ್ಸಿನ ಲೂಮಿಯೇರ್ ಸಿನಿಮಾ ಕಂಪನಿಯ ಕ್ಯಾಮೆರಾದವರು ಅಲ್ಲೇ ಇದ್ದರು. ಪೊಲೀಸರು ಕ್ಯಾಮೆರಾ ಕಿತ್ತುಕೊಂಡರು. ಇವತ್ತು ನಮಗೆ ನೋಡಲು ಸಿಗೋದು ಮೆರವಣಿಗೆ ಮಾತ್ರ.

ಗಾಯಕವಾಡರ ವಿಷಯ ಬಿಡಿ, ಅದೊಂದು ಅಪರೂಪ. ದೆಹಲಿ ದರ್ಬಾರಿನ ಕಿನೆಮಾಕಲರ್ ಎಂಬ ಬಣ್ಣದ ತಂತ್ರದ ಫಿಲಂ ಲಂಡನ್ನಿನಲ್ಲಿ ಬಹಳ ಓಡಿತು. ಅದರ ಬಣ್ಣ ಕೂಡ ಪೂರ್ತಿ ಅಸಲಿಯಲ್ಲ. ಕಪ್ಪು-ಬಿಳುಪು ಫಿಲಂ ಮುಂದೆ ಕೆಂಪು, ಹಸಿರು ಫಿಲ್ಟರ್ ತಿರುಗಿಸಿ ತರುತ್ತಿದ್ದ ಬಣ್ಣ ಅದು. ಕುದುರೆ ಜೋರಾಗಿ ಓಡಿದರೆ ಅದರ ಸುತ್ತ ಕೆಂಪು-ಹಸಿರು ಅಂಚು ಮೂಡುತ್ತಿತ್ತು. ಅದರಲ್ಲೂ ಈಗ ಉಳಿದಿರುವುದು ಕೆಲವು ತುಣುಕುಗಳಷ್ಟೇ.