ಎಲ್ಲರನ್ನೂ ಒಂದೇ ಸಾಲಿನಲ್ಲಿ ನಿಲ್ಲಿಸಬೇಡಿ

'ನಾವೇ ಜಾಸ್ತಿ ಹಿಂದುಳಿದವರು' ಅಂತ ಎಲ್ಲ ಜಾತಿಗಳೂ ಪೈಪೋಟಿಗೆ ಬಿದ್ದಿವೆ ಎಂದು ಮೀಸಲಾತಿ ಕುರಿತ ನಿಮ್ಮ ಲೇಖನದಲ್ಲಿ ಗೇಲಿ ಮಾಡಿದ್ದೀರಿ. ಮಠ, ಶಾಸಕರು, ಸಮಾವೇಶಕ್ಕೆ ಸಾಲು ಸಾಲು ಬಸ್ಸು ಇರುವವರಿಗೆ ಆ ಮಾತು ತಟ್ಟಬೇಕಾದದ್ದೇ. ಆದರೆ ಅವರ ಜೊತೆ ಅಲೆಮಾರಿಗಳನ್ನೂ ಸೇರಿಸಿದ್ದು ನನಗೆ ನೋವಾಯಿತು.

ಒಳಮೀಸಲಾತಿಯಲ್ಲಿ, ಅಂದರೆ ಪರಿಶಿಷ್ಟ ಜಾತಿಗಳ ಮೀಸಲಾತಿಯನ್ನು ಅವುಗಳೊಳಗೇ ಗುಂಪು ಮಾಡಿ ಹಂಚುವಾಗ, ಏನಾಯ್ತು ನೋಡಿ. ಪರಿಶಿಷ್ಟ ಜಾತಿ ಪಟ್ಟಿಯಲ್ಲಿರುವ, ಅಲೆಮಾರಿಗಳೂ ಸೇರಿದ 59 ಅತಿ ಹಿಂದುಳಿದ ಸಮುದಾಯಗಳಿಗೆ ಬೇರೆಯಾಗಿ ಶೇ 1 ಕೊಡಿ ಅಂತ ರಾಜ್ಯ ಸರ್ಕಾರವೇ ನೇಮಿಸಿದ್ದ ನಾಗಮೋಹನ್ ದಾಸ್ ಆಯೋಗ 2025ರಲ್ಲಿ ಹೇಳಿತ್ತು. ಆ ಆಗಸ್ಟ್‌ನಲ್ಲಿ ರಾಜ್ಯ ಸಚಿವ ಸಂಪುಟ ಮೂರೇ ಗುಂಪು ಮಾಡಿ ಶೇ 6, ಶೇ 6, ಶೇ 5 ಅಂತ ಹಂಚಿ, ಇವರನ್ನು ಲಂಬಾಣಿ, ಭೋವಿ, ಕೊರಮ, ಕೊರಚರ ಜೊತೆ ಶೇ 5ರ ಗುಂಪಿಗೆ ಹಾಕಿತು. ಆ ಸಮುದಾಯಗಳಲ್ಲೂ ಬಡವರಿದ್ದಾರೆ, ಇಲ್ಲ ಅನ್ನಲ್ಲ. ಆದರೆ ಗುಡಾರದಲ್ಲಿ ಓದಿದ ಹುಡುಗಿ ಅವರ ಜೊತೆ ಸ್ಪರ್ಧೆ ಮಾಡಿ ಸೀಟು ಗೆಲ್ಲೋದು ಹೇಗೆ?

ಅಲೆಮಾರಿ ಸಮುದಾಯವಾದ ಸುಡುಗಾಡು ಸಿದ್ಧರ ಹುಡುಗನೊಬ್ಬನ ಜೊತೆ ಜಾತಿ ಪ್ರಮಾಣಪತ್ರಕ್ಕೆ ಹೋಗಿದ್ದೆ. ಕಚೇರಿಯಲ್ಲಿ ಅಪ್ಪನ ಶಾಲಾ ದಾಖಲೆ ಕೇಳಿದರು. ಅಪ್ಪ ಶಾಲೆ ಮೆಟ್ಟಿಲು ಹತ್ತಿದವರಲ್ಲ. ಹಾಗಾದರೆ ವಾಸದ ದಾಖಲೆ ಕೊಡಿ ಅಂದರು. ಅವರಿಗೆ ಒಂದು ಊರು ಅಂತ ಇದ್ದರೆ ತಾನೇ? ಹುಡುಗ ಅರ್ಜಿಯನ್ನು ನಾಲ್ಕಾಗಿ ಮಡಚಿ ಜೇಬಿಗಿಟ್ಟುಕೊಂಡ. ಕಾಲೇಜು ಸೇರುವ ಕೊನೆಯ ದಿನ ದಾಟಿಹೋಯಿತು.

ಕಾಗದ ಇಲ್ಲದವರಿಗೆ ಅಧಿಕಾರಿಗಳೇ ಗುಡಾರಕ್ಕೆ ಬಂದು ಸ್ಥಳ ಮಹಜರು ಮಾಡಿ ಪ್ರಮಾಣಪತ್ರ ಕೊಡಲಿ. ಆ ಶೇ 1 ಬೇರೆಯಾಗಿಯೇ ಸಿಗಲಿ. ಇದನ್ನು ಕೇಳುವವರನ್ನು ದಯವಿಟ್ಟು ಪೈಪೋಟಿಗೆ ನಿಂತವರು ಅನ್ನಬೇಡಿ ಸರ್.