ಮಣೆಗೆ ಎತ್ತಿದ ಆರತಿ

ಹೋದ ವರ್ಷವಷ್ಟೇ ಗೋಡೆಗಳ ಸುಣ್ಣವನ್ನು ಕೆರೆಸಿ, ಸಾಲ ಮಾಡಿ ಎಮಲ್ಷನ್ ಹೊಡೆಸಿದ್ದ ನಾನು ಈ ವರ್ಷ ಅದೇ ಸುಣ್ಣವನ್ನು ಮರಕ್ಕೆ ಬಳಿಯಲು ಹೊರಟದ್ದು, ತುಮಕೂರಿನ ಹೊಸ ಹೋಟೆಲೊಂದರಲ್ಲಿ ಕಾಫಿ ಕುಡಿದದ್ದರ ಫಲ. ಅಲ್ಲಿನ ಮೇಜುಗಳೆಲ್ಲ ವಿಭೂತಿ ಬಳಿದಂತೆ ಬೆಳ್ಳಗಿದ್ದು, ನಡುನಡುವೆ ಮರದ ಎಳೆಗಳು ಇಣುಕುತ್ತಿದ್ದವು. ಇದಕ್ಕೆ ರಸ್ಟಿಕ್ ಎನ್ನುತ್ತಾರೆಂದು ಮಗಳು ತಿಳಿಸಿದಳು. ಹಾಗಾದರೆ ನಮ್ಮೂರಿನ ಕೊಟ್ಟಿಗೆಯ ಬಾಗಿಲು ನಾನು ಹುಟ್ಟುವ ಮೊದಲೇ ರಸ್ಟಿಕ್ ಆಗಿತ್ತು.

ಅಟ್ಟದಲ್ಲಿ ಅಜ್ಜಿಯ ಕಾಲದ ಹಲಸಿನ ಮಣೆಯೊಂದಿತ್ತು. ಆಚಾರ್ರಿಗೆ ಹೇಳಿ ಅದಕ್ಕೆ ನಾಲ್ಕು ಸಿಲ್ವರ್ ಓಕ್ ಕಾಲು ಹಾಕಿಸಿ, ಮಂಡಿಪೇಟೆಯಿಂದ ಎರಡು ಕೆ.ಜಿ. ಸುಣ್ಣದ ಕಲ್ಲು ತಂದೆ. ನೀರಿಗೆ ಕಲ್ಲನ್ನು ಸ್ವಲ್ಪಸ್ವಲ್ಪವಾಗಿ ಹಾಕಬೇಕೇ ಹೊರತು ಕಲ್ಲಿನ ಮೇಲೆ ನೀರು ಸುರಿಯಬಾರದೆಂಬುದು ನೆನಪಾಗುವಷ್ಟರಲ್ಲಿ ನಾನು ಒಂದು ಚೊಂಬು ಸುರಿದಾಗಿತ್ತು. ಸುಣ್ಣ ಕೊತಕೊತ ಕುದಿಯಿತು, ಪ್ಲಾಸ್ಟಿಕ್ ಬಕೆಟ್ಟಿನ ತಳ ಜೋಲು ಬಿದ್ದಿತು. ನಾನು ದೂರ ಹಾರಿದ್ದರಿಂದ ಕಣ್ಣು ಉಳಿಯಿತು.

ಎರಡನೆಯ ಬಾರಿಗೆ ಕಬ್ಬಿಣದ ಬಾಣಲಿಯಲ್ಲಿ ಕ್ರಮವಾಗಿಯೇ ಅರಳಿಸಿ, ರಾತ್ರಿಯಿಡೀ ನೆನೆಯಲು ಬಿಟ್ಟು, ಬಟ್ಟೆಯಲ್ಲಿ ಸೋಸಿ, ಹಿಡಿತ ಬರಲೆಂದು ಗಂಜಿ ಬೆರೆಸಿ, ಹಾಲಿನಷ್ಟು ತೆಳ್ಳಗೆ ಮಾಡಿಕೊಂಡೆ. ಸುಣ್ಣ ನುಣುಪಾದ ಮೈಗೆ ಕಚ್ಚುವುದಿಲ್ಲವಾದ್ದರಿಂದ ಮಣೆಯನ್ನು 80 ನಂಬರಿನ ಉಪ್ಪುಕಾಗದದಿಂದ ತಿಕ್ಕಿ, ತಂತಿ ಬ್ರಷ್ಷಿನಿಂದ ಅದರ ಎಳೆಗಳನ್ನು ತೆರೆದೆ. ಅಲ್ಲಿಗೆ ನನ್ನ ಪಾಂಡಿತ್ಯ ಮುಗಿದಿತ್ತು.

ಮೊದಲ ಕೈ ಹೊಡೆದಾಗ ಕಾಲುಗಳು ನೀರು ಬಳಿದಂತೆ ಕಂಡವು. ಹಸಿ ಸುಣ್ಣದ ಬಿಳುಪು ಒಣಗಿದ ಮೇಲೆಯೇ ಹೊರಬರುವುದೆಂದು ತಿಳಿದಿದ್ದ ನಾನು ಧೈರ್ಯವಾಗಿ ಹಲಗೆಗೂ ಬ್ರಷ್ ಎಳೆದೆ. ಎಳೆದ ಜಾಡಿನಲ್ಲೇ ಹಲಗೆ ಕೆಂಪಾಯಿತು. ಬ್ರಷ್ ಓಡಿದಷ್ಟು ದೂರ, ಗೌರಿ ಹಬ್ಬದ ಆರತಿ ತಟ್ಟೆ ಚೆಲ್ಲಿದಂತೆ, ಕೆಂಪೇ ಕೆಂಪು. ಕೈ ಕುಯ್ದುಕೊಂಡೆನೆಂದೇ ಭಾವಿಸಿ ಹತ್ತು ಬೆರಳನ್ನೂ ಎಣಿಸಿ ನೋಡಿದೆ.

ಸದ್ದಿಗೆ ಹೊರಬಂದ ಅಮ್ಮ ಒಂದೇ ನೋಟದಲ್ಲಿ ರೋಗ ಹಿಡಿದರು. ಮೂರು ತಲೆಮಾರಿನ ಮದುಮಕ್ಕಳೆಲ್ಲ ಅರಿಶಿನ ಹಚ್ಚಿಸಿಕೊಂಡು ಕುಳಿತದ್ದು ಆ ಮಣೆಯ ಮೇಲೆಯೇ ಅಂತೆ. ಉಪ್ಪುಕಾಗದ ಮೇಲಿನ ಕೊಳೆಯನ್ನು ತೆಗೆದಿತ್ತೇ ಹೊರತು ಎಳೆಯೊಳಗೆ ಇಳಿದಿದ್ದ ಅರಿಶಿನವನ್ನಲ್ಲ. ತಂತಿ ಬ್ರಷ್ಷಂತೂ ಅದಕ್ಕೆ ಬಾಗಿಲನ್ನೇ ತೆರೆದುಕೊಟ್ಟಿತ್ತು. ಸುಣ್ಣದ ಕ್ಷಾರ ತಗುಲಿದರೆ ಅರಿಶಿನ ಕೆಂಪಾಗುವುದೆಂಬುದು ಆರತಿ ಕದಡುವ ಪ್ರತಿ ಹೆಂಗಸಿಗೂ ಗೊತ್ತಿರುವ ರಸಾಯನಶಾಸ್ತ್ರ. "ಮಣೆ ಮೇಲೆ ಕೂತವರಿಗೆ ಆರತಿ ಎತ್ತೋದು ನೋಡಿದೀನಿ ಕಣಪ್ಪ, ಮಣೆಗೇ ಎತ್ತಿದ್ದು ನೋಡಿರಲಿಲ್ಲ" ಎಂದರು.

"ಹುಳಿ ಬಿದ್ದರೆ ಸರಿಹೋಗುತ್ತೆ ಕಣ್ರೀ" ಎಂದು ನನ್ನಾಕೆ ಚಿತ್ರಾನ್ನಕ್ಕೆ ತಂದಿದ್ದ ನಿಂಬೆಯ ಅರ್ಧ ಹೋಳನ್ನು ಹಿಂಡಿದಳು. ಅವಳ ಮಾತು ನಿಜವೇ: ಬಿದ್ದಲ್ಲೆಲ್ಲ ಕೆಂಪು ಹೋಗಿ ಹಳದಿ ಮರಳಿತು, ಜೊತೆಗೆ ಸುಣ್ಣವೂ ಕರಗಿ ಹೋಯಿತು.

ಬೆಳಿಗ್ಗೆ ಕಾಲುಗಳು ಹೋಟೆಲಿನ ಮೇಜನ್ನೂ ನಾಚಿಸುವಂತೆ ಬೆಳ್ಳಗೆ ಹೊಳೆಯುತ್ತಿದ್ದವು. ಕಾಲಿಗೆ ಬೆಣ್ಣೆ, ಹಲಗೆಗೆ ಸುಣ್ಣ. ಹಲಗೆಯ ಕೆಂಪು ಮಂಕಾಗಿ ಕಂದುಗಟ್ಟಿ, ನಡುವೆ ಹಳದಿ ಚುಕ್ಕೆಗಳು ಉಳಿದಿದ್ದವು. ಕೂಲಿಯ ಬಾಕಿಗೆಂದು ಬಂದ ಆಚಾರ್ರು ಅದರ ಮುಂದೆ ಬಹಳ ಹೊತ್ತು ನಿಂತು, ನನ್ನ ಕಡೆ ಮರುಕದಿಂದ ತಿರುಗಿದರು.

"ಸಾರ್, ಇದರ ಮೇಲೆ ಎಲೆ ಅಡಿಕೆ ಉಗಿದೋರು ಯಾರು?"